ಗೃಹಸಾಲ: ಕಂತು ಕಾಣುತ್ತದೆ, ಒಟ್ಟು ವೆಚ್ಚ ಕಾಣುವುದಿಲ್ಲ

ಉಳವಿ (ಸೊರಬ ತಾಲ್ಲೂಕು): ಸಾಲ 25 ಲಕ್ಷ ರೂಪಾಯಿ. ಅವಧಿ 20 ವರ್ಷ. ಬಡ್ಡಿ ಶೇ 8.5. ತಿಂಗಳ ಕಂತು 21,696 ರೂ. ಒಂದು ಕಂತನ್ನೂ ತಪ್ಪಿಸದೆ ಹತ್ತು ವರ್ಷ ಕಟ್ಟಿದ ಸಾಲಗಾರ ಅಷ್ಟರಲ್ಲಿ 26 ಲಕ್ಷ ರೂ.ಗೂ ಹೆಚ್ಚು ಹಣ ಸಂದಾಯ ಮಾಡಿರುತ್ತಾನೆ. ಪಡೆದ ಸಾಲಕ್ಕಿಂತ ಹೆಚ್ಚು ಮೊತ್ತವದು. ಆದರೂ ಆ ದಿನ ಖಾತೆಯಲ್ಲಿ ಉಳಿದಿರುವ ಬಾಕಿ ಇನ್ನೂ 17.5 ಲಕ್ಷ ರೂ.

ಈ ಲೆಕ್ಕದಲ್ಲಿ ಮೋಸವೇನೂ ಇಲ್ಲ, ಬ್ಯಾಂಕು ಬಚ್ಚಿಟ್ಟ ಶುಲ್ಕವೂ ಇಲ್ಲ. ಇಎಂಐ ಎಂದು ಎಲ್ಲರ ಬಾಯಲ್ಲೂ ಇರುವ ಸಮಾನ ಮಾಸಿಕ ಕಂತಿನ ಸಹಜ ನಡೆಯೇ ಇದು. ಸಾಲ ಪಡೆಯಲು ಹೋದವರು ಸಾಮಾನ್ಯವಾಗಿ ಕೇಳುವ ಪ್ರಶ್ನೆ ಒಂದೇ: ‘ತಿಂಗಳಿಗೆ ಎಷ್ಟು ಕಟ್ಟಬೇಕು?’ ಕೇಳಬೇಕಾದ ಇನ್ನೊಂದು ಪ್ರಶ್ನೆ, ‘ಎಲ್ಲ ಸೇರಿ ಎಷ್ಟು ಕಟ್ಟಿರುತ್ತೇನೆ?’ ಎಂಬುದು. ಅದನ್ನು ಕೇಳುವವರು ವಿರಳ.

ಉಳವಿ ಎಂದೊಡನೆ ಹಲವರಿಗೆ ಉತ್ತರ ಕನ್ನಡ ಜಿಲ್ಲೆಯ ಜೋಯಿಡಾ ತಾಲ್ಲೂಕಿನಲ್ಲಿರುವ ಚನ್ನಬಸವಣ್ಣನವರ ಕ್ಷೇತ್ರ ನೆನಪಾಗುತ್ತದೆ. ಇಲ್ಲಿ ಹೇಳುತ್ತಿರುವುದು ಶಿವಮೊಗ್ಗ ಜಿಲ್ಲೆ ಸೊರಬ ತಾಲ್ಲೂಕಿನ ಹೋಬಳಿ ಕೇಂದ್ರವಾದ ಉಳವಿಯ ವಿಚಾರ. ಭತ್ತ, ಅಡಿಕೆ, ಶುಂಠಿ, ಅನಾನಸ್ ಬೆಳೆಯುವ ಈ ಸೀಮೆಯಲ್ಲಿ ಒಂದು ತಲೆಮಾರಿನ ಹಿಂದೆ ಮನೆ ಕಟ್ಟುವುದೆಂದರೆ ಜಂಬಿಟ್ಟಿಗೆ ಕಲ್ಲು, ಹೆಂಚು, ಮರಮುಟ್ಟುಗಳನ್ನು ವರ್ಷಗಟ್ಟಲೆ ಕೂಡಿಟ್ಟು, ಮುಯ್ಯಾಳಿನ ನೆರವು ಪಡೆದು ನಿಧಾನವಾಗಿ ಗೋಡೆ ಎಬ್ಬಿಸುವುದಾಗಿತ್ತು. ಈಗ ಬೆಂಗಳೂರು, ಶಿವಮೊಗ್ಗಗಳಲ್ಲಿ ದುಡಿಯುವ ಮಕ್ಕಳು ಊರಿನಲ್ಲಿ ತಾರಸಿ ಮನೆ ಕಟ್ಟಿಸಲು ತಮ್ಮ ಸಂಬಳದ ಮೇಲೆ ಸಾಲ ಎತ್ತುವುದುಂಟು. ನಗರದ ಫ್ಲಾಟಿಗೆ ಪಡೆಯುವ ಸಾಲಕ್ಕೂ ಊರಮನೆಗೆ ಪಡೆಯುವ ಸಾಲಕ್ಕೂ ಬಡ್ಡಿಯ ಸೂತ್ರ ಒಂದೇ. ಆದರೆ ಊರಿನ ಮನೆಗೆ ಬಾಡಿಗೆ ಬರುವುದು ಅಪರೂಪ, ಮಾರುವ ಆಲೋಚನೆಯಂತೂ ಇರುವುದಿಲ್ಲ. ‘ಆಸ್ತಿಯ ಬೆಲೆ ಏರುತ್ತದಲ್ಲ’ ಎಂಬ ನಗರದ ಸಮಾಧಾನ ಇಲ್ಲಿ ನಡೆಯದು. ಹೀಗಾಗಿ ಸಾಲದ ನಿಜವಾದ ಬೆಲೆ ಉಳವಿಯಂತಹ ಊರಿನಲ್ಲಿ ಹೆಚ್ಚು ನಿಚ್ಚಳವಾಗಿ ಕಾಣುತ್ತದೆ.

ಅಸಲು ಕರಗುವ ಬಗೆ

ಮೇಲಿನ ಉದಾಹರಣೆಯನ್ನೇ ಮುಂದುವರಿಸೋಣ. ಮೊದಲ ತಿಂಗಳು 25 ಲಕ್ಷ ರೂ.ಗೆ ಬಡ್ಡಿಯೇ 17,708 ರೂ. ಆಗುತ್ತದೆ. 21,696 ರೂ. ಕಂತಿನಲ್ಲಿ ಬಡ್ಡಿ ಕಳೆದು ಅಸಲಿಗೆ ಜಮೆಯಾಗುವುದು 4 ಸಾವಿರ ರೂ.ಗೂ ಸ್ವಲ್ಪ ಕಡಿಮೆ. ಮುಂದಿನ ತಿಂಗಳ ಬಡ್ಡಿ ಕೇವಲ ಇಪ್ಪತ್ತೆಂಟು ರೂಪಾಯಿಯಷ್ಟು ತಗ್ಗುತ್ತದೆ. ಮೊದಲ ಐದು ವರ್ಷಗಳಲ್ಲಿ ಕಟ್ಟಿದ 13 ಲಕ್ಷ ರೂ. ಪೈಕಿ ಅಸಲಿಗೆ ಸಂದದ್ದು 3 ಲಕ್ಷ ರೂ.ಗೂ ಕಡಿಮೆ. ಸಾಲದ ಅರ್ಧದಷ್ಟು ಅಸಲು ತೀರಲು 13 ವರ್ಷ 10 ತಿಂಗಳು ಬೇಕು. ಉಳಿದರ್ಧ ಆರೇ ವರ್ಷದಲ್ಲಿ ತೀರಿಬಿಡುತ್ತದೆ. ಇಪ್ಪತ್ತು ವರ್ಷ ಮುಗಿಯುವಾಗ ಒಟ್ಟು ಸಂದಾಯ 52.07 ಲಕ್ಷ ರೂ., ಅದರಲ್ಲಿ ಬಡ್ಡಿ 27.07 ಲಕ್ಷ ರೂ.

ಈಗ ಅವಧಿಯನ್ನು ಬದಲಿಸಿ ನೋಡಬಹುದು. ಇದೇ ಸಾಲವನ್ನು 30 ವರ್ಷಕ್ಕೆ ಪಡೆದರೆ ಕಂತು 19,223 ರೂ.ಗೆ ಇಳಿಯುತ್ತದೆ. ತಿಂಗಳಿಗೆ ಸುಮಾರು ಎರಡೂವರೆ ಸಾವಿರ ರೂಪಾಯಿ ಉಳಿಯಿತೆಂದು ಸಾಲಗಾರನಿಗೆ ಸಂತೋಷ. ಆದರೆ ಬಡ್ಡಿಯ ಒಟ್ಟು ಮೊತ್ತ 44.20 ಲಕ್ಷ ರೂ.ಗೆ ಜಿಗಿಯುತ್ತದೆ. 15 ವರ್ಷಕ್ಕೆ ಪಡೆದರೆ ಕಂತು 24,619 ರೂ., ಬಡ್ಡಿ 19.31 ಲಕ್ಷ ರೂ. ಮನೆ ಅದೇ, ಸಾಲ ಅದೇ, ಬಡ್ಡಿ ದರವೂ ಅದೇ. ಅವಧಿಯೊಂದೇ ಕಾರಣವಾಗಿ 15 ಮತ್ತು 30 ವರ್ಷಗಳ ಬಡ್ಡಿಯ ನಡುವೆ 25 ಲಕ್ಷ ರೂ.ಗೆ ಸಮೀಪದ ವ್ಯತ್ಯಾಸ, ಅಂದರೆ ಇನ್ನೊಂದು ಮನೆಯ ಹಣ! ದರದಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ಹತ್ತು ಬ್ಯಾಂಕು ಅಲೆಯುವ ಜನ ಅವಧಿಯ ವಿಚಾರದಲ್ಲಿ ಬ್ಯಾಂಕಿನವರು ಬರೆದದ್ದಕ್ಕೆ ಸಹಿ ಹಾಕಿ ಬರುತ್ತಾರೆ.

ದೀರ್ಘಾವಧಿಯ ಪರವಾಗಿಯೂ ಒಂದು ಮಾತು ಹೇಳಬೇಕು. ಇಪ್ಪತ್ತು ವರ್ಷದ ನಂತರದ ರೂಪಾಯಿಗೆ ಇಂದಿನ ಬೆಲೆ ಇರುವುದಿಲ್ಲ. ರಿಸರ್ವ್ ಬ್ಯಾಂಕಿನ ಹಣದುಬ್ಬರದ ಗುರಿಯಾದ ಶೇ 4ರ ಲೆಕ್ಕ ಹಿಡಿದರೂ ಕೊನೆಯ ವರ್ಷದ 21,696 ರೂ. ಕಂತು ಇಂದಿನ 9,900 ರೂ.ಗೆ ಸಮ. ಸಂಬಳ ವರ್ಷವರ್ಷ ಏರುವ ನೌಕರನಿಗೆ ಕಂತು ಕ್ರಮೇಣ ಹಗುರವಾಗುತ್ತದೆ ಎಂಬುದು ನಿಜ. ಅಡಿಕೆ, ಶುಂಠಿಯ ಧಾರಣೆಯನ್ನು ನಂಬಿದ ಕುಟುಂಬಕ್ಕೆ ಆ ಭರವಸೆ ಇಲ್ಲ. ನಲವತ್ತೆರಡನೇ ವಯಸ್ಸಿನಲ್ಲಿ 20 ವರ್ಷದ ಸಾಲ ಪಡೆದ ಸರ್ಕಾರಿ ನೌಕರನಿಗೂ ಇಲ್ಲ. ಆತ 60ಕ್ಕೆ ನಿವೃತ್ತನಾದ ಬಳಿಕವೂ ಎರಡು ವರ್ಷ ಕಂತು ಕಟ್ಟಬೇಕು.

ದರ ಏರಿದಾಗ ಏನಾಯಿತು?

ಗೃಹಸಾಲಗಳಲ್ಲಿ ಬಹುಪಾಲು ಬದಲಾಗುವ ಬಡ್ಡಿ ದರದವು. ಈ ದರವನ್ನು ಯಾವುದಕ್ಕೆ ಜೋಡಿಸಬೇಕು ಎಂಬ ನಿಯಮ ಹಲವು ಬಾರಿ ಬದಲಾಗಿದೆ. 2010ರ ಜುಲೈನಲ್ಲಿ ಬೇಸ್ ರೇಟ್, 2016ರ ಏಪ್ರಿಲ್‌ನಲ್ಲಿ ಎಂಸಿಎಲ್ಆರ್ ಪದ್ಧತಿ ಬಂದವು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಹೊಸ ಗೃಹಸಾಲಗಳನ್ನು ರೆಪೊ ದರದಂತಹ ಬಾಹ್ಯ ಮಾನದಂಡಕ್ಕೆ ಜೋಡಿಸುವುದು ಕಡ್ಡಾಯವಾಯಿತು. ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಣೆಯಾಗಬೇಕು. ಈ ನಿಯಮ ಬ್ಯಾಂಕುಗಳಿಗೆ ಮಾತ್ರ. ಗೃಹ ಹಣಕಾಸು ಕಂಪನಿಗಳಿಗೆ ಅನ್ವಯಿಸುವುದಿಲ್ಲ. ಈ ವ್ಯತ್ಯಾಸ ತಿಳಿಯದೆ ಸಾಲ ಪಡೆದವರು ರೆಪೊ ಇಳಿದ ಸುದ್ದಿ ಓದಿ, ತಮ್ಮ ಕಂತು ಯಾಕೆ ಇಳಿಯಲಿಲ್ಲ ಎಂದು ಚಕಿತರಾಗುತ್ತಾರೆ.

2020ರ ಮೇ ತಿಂಗಳಲ್ಲಿ ರೆಪೊ ದರ ಶೇ 4ಕ್ಕೆ ಇಳಿಯಿತು. ಗೃಹಸಾಲ ಶೇ 7ರ ಆಸುಪಾಸಿನಲ್ಲಿ, ಕೆಲವೆಡೆ ಅದಕ್ಕಿಂತ ಕಡಿಮೆಗೆ ದೊರೆಯಿತು. 2022ರ ಮೇ 4ರಂದು ಏರಿಕೆ ಆರಂಭವಾಗಿ 2023ರ ಫೆಬ್ರುವರಿ ವೇಳೆಗೆ ರೆಪೊ ಶೇ 6.5 ತಲುಪಿತು. ಹತ್ತು ತಿಂಗಳೊಳಗೆ ಎರಡೂವರೆ ಪರ್ಸೆಂಟ್ ಏರಿಕೆ.

2021ರಲ್ಲಿ ಶೇ 7ರಂತೆ 25 ಲಕ್ಷ ರೂ. ಸಾಲವನ್ನು 20 ವರ್ಷಕ್ಕೆ ಪಡೆದವರ ಕಂತು 19,382 ರೂ. ಒಂದು ವರ್ಷ ಕಟ್ಟಿದ ಮೇಲೆ ಬಾಕಿ ಸುಮಾರು 24.4 ಲಕ್ಷ ರೂ. ಲೆಕ್ಕ ಸರಳವಾಗಲೆಂದು ದರ ಒಮ್ಮೆಗೇ ಶೇ 9.5 ಆಯಿತೆಂದು ಇಟ್ಟುಕೊಳ್ಳೋಣ. ಆಗ ತಿಂಗಳ ಬಡ್ಡಿಯೇ 19,321 ರೂ. ಕಂತನ್ನು ಮೊದಲಿನಷ್ಟೇ ಉಳಿಸಿಕೊಂಡರೆ ಅಸಲಿಗೆ ಸಲ್ಲುವುದು ತಿಂಗಳಿಗೆ 62 ರೂ. ಮಾತ್ರ. ಈ ಲೆಕ್ಕದಲ್ಲಿ ಸಾಲ ತೀರಲು ಇನ್ನೂ 60 ವರ್ಷಕ್ಕೂ ಹೆಚ್ಚು ಕಾಲ ಬೇಕು. ಉಳಿದ 19 ವರ್ಷದಲ್ಲೇ ತೀರಬೇಕೆಂದರೆ ಕಂತನ್ನು 23,157 ರೂ.ಗೆ ಏರಿಸಬೇಕು.

ವಾಸ್ತವದಲ್ಲಿ ದರ ಹಂತಹಂತವಾಗಿ ಏರಿತು. ಬ್ಯಾಂಕುಗಳು ಮೊದಲು ಅವಧಿಯನ್ನು ಹಿಗ್ಗಿಸಿ, ಅದು ಸಾಲದಾದಾಗ ಕಂತನ್ನು ಏರಿಸಿದವು. ಕಂತು ಬದಲಾಗದ ಕಾರಣ ತಮಗೇನೂ ಆಗಿಲ್ಲವೆಂದು ನೆಮ್ಮದಿಯಿಂದಿದ್ದವರಿಗೆ, 20 ವರ್ಷದ ಸಾಲ ಬಹಳಷ್ಟು ಹಿಗ್ಗಿರುವುದು ತಿಳಿದದ್ದು ಖಾತೆಯ ವಿವರ ತೆಗೆಸಿದಾಗಲೇ. ಈ ದೂರುಗಳ ಹಿನ್ನೆಲೆಯಲ್ಲಿ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ದರ ಪರಿಷ್ಕರಣೆಯಾದಾಗ ಕಂತು ಏರಿಸಬೇಕೇ, ಅವಧಿ ಹಿಗ್ಗಿಸಬೇಕೇ ಅಥವಾ ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೇ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕು. ಸಾಲ ನೀಡುವ ಸಂಸ್ಥೆಯ ನೀತಿಗೆ ಒಳಪಟ್ಟು ಸ್ಥಿರ ದರಕ್ಕೆ ಬದಲಾಗುವ ಅವಕಾಶವೂ ಇರಬೇಕೆಂದು ಆ ಸುತ್ತೋಲೆ ಆಗ ಹೇಳಿತ್ತು. ಕಂತು ಆ ತಿಂಗಳ ಬಡ್ಡಿಗೂ ಸಾಲದಂತಹ ಸ್ಥಿತಿ ಬರಬಾರದು. ಈವರೆಗೆ ಸಂದ ಅಸಲು, ಬಡ್ಡಿ ಮತ್ತು ಉಳಿದ ಕಂತುಗಳ ಸಂಖ್ಯೆಯನ್ನು ಮೂರು ತಿಂಗಳಿಗೊಮ್ಮೆ ತಿಳಿಸಬೇಕು. ಈ ತ್ರೈಮಾಸಿಕ ವಿವರ ಬಂದಾಗ ಕಣ್ಣಾಡಿಸಬೇಕಾದದ್ದು ಒಂದೇ ಸಾಲಿನ ಮೇಲೆ: ಉಳಿದ ಕಂತುಗಳೆಷ್ಟು?

2025ರಲ್ಲಿ ಗಾಳಿ ತಿರುಗಿತು. ಫೆಬ್ರುವರಿಯಿಂದ ಡಿಸೆಂಬರ್‌ವರೆಗೆ ನಾಲ್ಕು ಬಾರಿ ಇಳಿದು ರೆಪೊ ಶೇ 5.25ಕ್ಕೆ ಬಂತು. ಹೀಗೆ ದರ ಇಳಿದಾಗ ಕಂತನ್ನು ಇಳಿಸಿಕೊಳ್ಳದೆ ಹಳೆಯ ಕಂತನ್ನೇ ಮುಂದುವರಿಸಿದವರ ಸಾಲ ಬೇಗ ತೀರುತ್ತದೆ. ಬೇಸ್ ರೇಟ್ ಅಥವಾ ಎಂಸಿಎಲ್ಆರ್ ಕಾಲದ ಹಳೆಯ ಸಾಲ ಉಳಿಸಿಕೊಂಡಿರುವವರು ಬಾಹ್ಯ ಮಾನದಂಡಕ್ಕೆ ಬದಲಾಯಿಸಿಕೊಡುವಂತೆ ಶಾಖೆಗೆ ಅರ್ಜಿ ಕೊಡಬೇಕು. ಅರ್ಜಿ ಕೊಡದವರಿಗೆ ಯಾರೂ ಮನೆಗೆ ಬಂದು ಬದಲಾಯಿಸಿಕೊಡುವುದಿಲ್ಲ.

ಕಾಗದಪತ್ರವೇ ದರ ನಿರ್ಧರಿಸುವಾಗ

ನಗರದ ಓದುಗರಿಗೆ ಅಷ್ಟಾಗಿ ಪರಿಚಯವಿಲ್ಲದ, ಉಳವಿಯಂತಹ ಗ್ರಾಮಗಳಲ್ಲಿ ನಿರ್ಣಾಯಕವಾದ ಇನ್ನೊಂದು ಅಂಶವಿದೆ. ಗ್ರಾಮ ಪಂಚಾಯಿತಿ ವ್ಯಾಪ್ತಿಯ ಆಸ್ತಿಗಳಿಗೆ ‘ಇ-ಸ್ವತ್ತು’ ತಂತ್ರಾಂಶದ ಮೂಲಕ ನಮೂನೆ 9 ಮತ್ತು 11 ನೀಡಲಾಗುತ್ತದೆ. ಗ್ರಾಮಠಾಣಾದೊಳಗಿನ ಅಥವಾ ಭೂಪರಿವರ್ತನೆಯಾಗಿ ವಿನ್ಯಾಸ ಅನುಮೋದನೆ ಪಡೆದ ಆಸ್ತಿಗೆ ನಮೂನೆ 9 ಮತ್ತು 11ಎ ದೊರೆಯುತ್ತದೆ. ಕೃಷಿ ಜಮೀನಿನ ಅಂಚಿನಲ್ಲಿ ಪರಿವರ್ತನೆ ಇಲ್ಲದೆ ಕಟ್ಟಿದ ಮನೆಗೆ 11ಬಿ. ಸಾಮಾನ್ಯವಾಗಿ ಬ್ಯಾಂಕುಗಳು 11ಬಿ ಆಸ್ತಿಯನ್ನು ಅಡಮಾನಕ್ಕೆ ಒಪ್ಪುವುದಿಲ್ಲ. ಮನೆ ಗಟ್ಟಿಯಾಗಿದ್ದರೂ, ಆದಾಯ ಚೆನ್ನಾಗಿದ್ದರೂ ಉತ್ತರ ಒಂದೇ.

ಮಲೆನಾಡಿನಲ್ಲಿ ತೋಟದ ಪಕ್ಕದಲ್ಲೋ ಗದ್ದೆಯ ಮೇಲ್ದಂಡೆಯಲ್ಲೋ ಒಂಟಿ ಮನೆ ಕಟ್ಟಿಕೊಳ್ಳುವುದು ತಲೆತಲಾಂತರದ ರೂಢಿ. ಸರ್ಕಾರಿ ಜಾಗದಲ್ಲಿ ಕಟ್ಟಿಕೊಂಡು 94ಸಿ ಅಡಿ ಹಕ್ಕುಪತ್ರಕ್ಕೆ ಅರ್ಜಿ ಹಾಕಿ ಕಾದಿರುವವರೂ ಇದ್ದಾರೆ. ಬ್ಯಾಂಕಿನ ಬಾಗಿಲು ಮುಚ್ಚಿದಾಗ ಇಂಥವರು ಹೋಗುವುದು ಹೆಚ್ಚಿನ ದರದ ಹಣಕಾಸು ಕಂಪನಿಗಳಿಗೆ ಅಥವಾ ಆಧಾರ ಕೇಳದ ಸಣ್ಣ ಸಾಲಗಳಿಗೆ. ಇದರ ಬೆಲೆ ಎಷ್ಟೆಂದು ನೋಡೋಣ. 10 ಲಕ್ಷ ರೂ. ಸಾಲ, 15 ವರ್ಷ. ಶೇ 8.5ರಲ್ಲಿ ಕಂತು 9,847 ರೂ., ಒಟ್ಟು ಬಡ್ಡಿ 7.73 ಲಕ್ಷ ರೂ. ಶೇ 13 ಎಂದಿಟ್ಟುಕೊಂಡರೆ ಕಂತು 12,652 ರೂ., ಬಡ್ಡಿ 12.77 ಲಕ್ಷ ರೂ. ಒಂದು ಕಾಗದ ಇಲ್ಲದ ತಪ್ಪಿಗೆ 5 ಲಕ್ಷ ರೂ. ದಂಡ. ಮನೆಯ ತಳಪಾಯ ಹಾಕುವ ಮೊದಲು ಭೂಪರಿವರ್ತನೆಗೆ ಓಡಾಡುವುದು ತಲೆನೋವಿನ ಕೆಲಸವೇ ಸರಿ, ಆದರೆ ಅದರ ಕೂಲಿ ಇಷ್ಟಿದೆ. 2020ರಲ್ಲಿ ಆರಂಭವಾದ ‘ಸ್ವಾಮಿತ್ವ’ ಯೋಜನೆಯಡಿ ಡ್ರೋನ್ ಮೂಲಕ ಗ್ರಾಮಠಾಣಾ ಅಳತೆ ಮಾಡಿ ಆಸ್ತಿ ಕಾರ್ಡ್ ನೀಡುವ ಉದ್ದೇಶಗಳಲ್ಲಿ ಬ್ಯಾಂಕ್ ಸಾಲ ಸುಲಭವಾಗಿಸುವುದೂ ಒಂದು. ಗ್ರಾಮಠಾಣಾದ ಹೊರಗಿರುವ ಒಂಟಿ ಮನೆಗಳಿಗೆ ಅದರಿಂದ ಹೆಚ್ಚಿನ ಪ್ರಯೋಜನವಿಲ್ಲ.

ಖಾಸಗಿ ಲೇವಾದೇವಿದಾರರು ಹೇಳುವ ‘ಫ್ಲಾಟ್’ ದರದ ಬಗ್ಗೆಯೂ ಎಚ್ಚರ ಬೇಕು. ಇಲ್ಲಿ ಕಡಿಮೆಯಾಗುತ್ತಿರುವ ಬಾಕಿಯ ಮೇಲಲ್ಲ, ಮೊದಲು ಪಡೆದ ಪೂರ್ತಿ ಮೊತ್ತದ ಮೇಲೆ ಕೊನೆಯವರೆಗೂ ಬಡ್ಡಿ ಹಾಕುತ್ತಾರೆ. 10 ಲಕ್ಷ ರೂ.ಗೆ ಹತ್ತು ವರ್ಷ ಶೇ 8 ಫ್ಲಾಟ್ ಎಂದರೆ ತಿಂಗಳಿಗೆ 15,000 ರೂ. ಬ್ಯಾಂಕಿನ ಲೆಕ್ಕಕ್ಕೆ ಹೊಂದಿಸಿದರೆ ಅದು ಶೇ 13ಕ್ಕೂ ತುಸು ಹೆಚ್ಚು.

ಕಂತಿನಾಚೆಯ ಖರ್ಚು

ಮನೆ ನಿರ್ಮಾಣದ ಸಾಲ ಒಮ್ಮೆಗೇ ಕೈಗೆ ಬರುವುದಿಲ್ಲ. ತಳಪಾಯ, ಗೋಡೆ, ತಾರಸಿ ಎಂದು ಹಂತಹಂತವಾಗಿ ಬಿಡುಗಡೆಯಾಗುತ್ತದೆ. ಪೂರ್ತಿ ಬಿಡುಗಡೆಯಾಗುವವರೆಗೆ ಬಿಡುಗಡೆಯಾದಷ್ಟಕ್ಕೆ ಬಡ್ಡಿ ಮಾತ್ರ ಕಟ್ಟುವ ವ್ಯವಸ್ಥೆ ಸಾಮಾನ್ಯ. ಇದರಿಂದ ಅಸಲು ಒಂದು ರೂಪಾಯಿಯೂ ಕರಗದು. ಮಲೆನಾಡಿನಲ್ಲಿ ಮುಂಗಾರು ಹಿಡಿಯಿತೆಂದರೆ ಹೊರಗಿನ ಕೆಲಸ ನಿಲ್ಲುತ್ತದೆ. ಅರ್ಧ ಸಾಲ ಬಿಡುಗಡೆಯಾದ ಮೇಲೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಕೆಲಸ ನಿಂತರೆ ನಮ್ಮ ಉದಾಹರಣೆಯಲ್ಲಿ ತಿಂಗಳಿಗೆ 8,854 ರೂ.ನಂತೆ 35 ಸಾವಿರ ರೂ. ಮಳೆಯ ಲೆಕ್ಕಕ್ಕೆ ಹೋಗುತ್ತದೆ. ಮಳೆಗಾಲ ಕಳೆದು ಕೆಲಸ ಹಿಡಿಯುವವರಿಗೆ ಈ ಖರ್ಚು ಉಳಿಯುತ್ತದೆ.

ಪ್ರಕ್ರಿಯಾ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ ಮುದ್ರಾಂಕ ಶುಲ್ಕ ಇವೆಲ್ಲ ಮೊದಲೇ ತೆರಬೇಕಾದವು. ನಿವೇಶನ ಕೊಳ್ಳುವವರಿಗೆ 2025ರ ಆಗಸ್ಟ್ 31ರಿಂದ ರಾಜ್ಯದಲ್ಲಿ ನೋಂದಣಿ ಶುಲ್ಕ ಶೇ 1ರಿಂದ ಶೇ 2ಕ್ಕೆ ಏರಿದೆ. ಸಾಲದೊಂದಿಗೆ ಮಾರುವ ವಿಮೆಯದು ಇನ್ನೊಂದು ಕತೆ. 60 ಸಾವಿರ ರೂ. ಪ್ರೀಮಿಯಂ ಅನ್ನು ಸಾಲದ ಮೊತ್ತಕ್ಕೇ ಸೇರಿಸಿದರೆ ಕಂತು 521 ರೂ. ಮಾತ್ರ ಹೆಚ್ಚಿದಂತೆ ಕಾಣುತ್ತದೆ. 20 ವರ್ಷಕ್ಕೆ ಅದು 1.25 ಲಕ್ಷ ರೂ. ದುಡಿಯುವ ವ್ಯಕ್ತಿ ಅಕಾಲದಲ್ಲಿ ತೀರಿಕೊಂಡರೆ ಮನೆ ಉಳಿಯಬೇಕಾದರೆ ವಿಮೆ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಾಲ ಕೊಡುವವರು ತೋರಿಸಿದ ಕಂಪನಿಯಲ್ಲೇ, ಸಾಲದ ಹಣದಲ್ಲೇ ಮಾಡಿಸಬೇಕೆಂಬ ಕಾನೂನು ಇಲ್ಲ.

ತೆರಿಗೆ ವಿನಾಯಿತಿಯನ್ನು ಲಾಭವೆಂದು ಎಣಿಸುವವರು ತಾವು ಯಾವ ಪದ್ಧತಿಯಲ್ಲಿದ್ದೇವೆ ಎಂಬುದನ್ನು ನೋಡಿಕೊಳ್ಳಬೇಕು. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷ ರೂ.ವರೆಗಿನ ಕಡಿತ ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. 2023-24ರಿಂದ ಹೊಸ ಪದ್ಧತಿಯೇ ಪೂರ್ವನಿಯೋಜಿತ ಆಯ್ಕೆಯಾಗಿದ್ದು, ಅದರಲ್ಲಿ ಈ ಕಡಿತ ಇಲ್ಲ. ಕೃಷಿ ಆದಾಯಕ್ಕೆ ತೆರಿಗೆಯೇ ಇಲ್ಲದ ಕಾರಣ ರೈತ ಸಾಲಗಾರನಿಗೆ ಇದು ಎಂದೂ ಒದಗಿದ್ದಿಲ್ಲ.

ಈ ಎಲ್ಲ ಬಿಡಿ ಖರ್ಚುಗಳನ್ನು ಒಂದೆಡೆ ತರಿಸುವ ಅಸ್ತ್ರವೊಂದು ಈಗ ಸಾಲಗಾರನ ಕೈಯಲ್ಲಿದೆ. 2024ರ ಅಕ್ಟೋಬರ್ 1ರಿಂದ ಹೊಸ ಚಿಲ್ಲರೆ ಸಾಲಗಳಿಗೆಲ್ಲ ‘ಪ್ರಮುಖ ಸಂಗತಿಗಳ ವಿವರಪಟ್ಟಿ’ ಕೊಡುವುದು ಕಡ್ಡಾಯ. ಬಡ್ಡಿಯ ಜೊತೆಗೆ ಶುಲ್ಕ, ಸಂಸ್ಥೆಯ ಮೂಲಕ ವಸೂಲಾಗುವ ವಿಮೆ ಇತ್ಯಾದಿ ಸೇರಿಸಿದ ವಾರ್ಷಿಕ ದರವೂ ಕಂತುಗಳ ಪೂರ್ಣ ಪಟ್ಟಿಯೂ ಅದರಲ್ಲಿ ಇರಬೇಕು. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕೆಂದೂ ನಿಯಮವಿದೆ. ಕನ್ನಡದಲ್ಲಿ ಕೊಡಿ ಎಂದು ಕೇಳುವುದು ಹಕ್ಕು. ಎರಡು ಸಂಸ್ಥೆಗಳ ಸಾಲ ಹೋಲಿಸುವಾಗ ಫಲಕದ ಮೇಲಿನ ದರ ಬಿಟ್ಟು ಈ ವಾರ್ಷಿಕ ದರಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವುದೇ ಸರಿಯಾದ ಕ್ರಮ.

ಕೊಯ್ಲಿನ ಹಣ, ಮುಂಗಡ ಪಾವತಿ

ಸಾಲದ ಬೆಲೆ ತಗ್ಗಿಸಲು ಇರುವ ಅತ್ಯಂತ ಪರಿಣಾಮಕಾರಿ ಉಪಾಯ ಮುಂಗಡ ಪಾವತಿ. ಬದಲಾಗುವ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ದಂಡ ವಿಧಿಸುವುದನ್ನು ರಿಸರ್ವ್ ಬ್ಯಾಂಕ್ 2012ರಲ್ಲೇ ಬ್ಯಾಂಕುಗಳಿಗೆ ನಿಷೇಧಿಸಿದೆ. ಹೀಗಿದ್ದೂ ದಂಡದ ಭಯದಿಂದ ಹಣವನ್ನು ಉಳಿತಾಯ ಖಾತೆಯಲ್ಲಿ ಮಲಗಿಸಿಡುವವರಿದ್ದಾರೆ.

ಮುಂಗಡ ಪಾವತಿಯಲ್ಲಿ ಮೊತ್ತದಷ್ಟೇ ಮುಖ್ಯವಾದುದು ಸಮಯ. ಮೊದಲಿನ ಉದಾಹರಣೆಯಲ್ಲಿ ಎರಡನೇ ವರ್ಷದ ಕೊನೆಗೆ 2 ಲಕ್ಷ ರೂ. ಹೆಚ್ಚುವರಿಯಾಗಿ ಕಟ್ಟಿದರೆ ಕೊನೆಯ 37 ಕಂತುಗಳು ಕಳಚಿಕೊಳ್ಳುತ್ತವೆ, ಸುಮಾರು 6 ಲಕ್ಷ ರೂ. ಬಡ್ಡಿ ಉಳಿಯುತ್ತದೆ. ಅದೇ 2 ಲಕ್ಷ ರೂ.ಗಳನ್ನು ಹನ್ನೆರಡನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 1.7 ಲಕ್ಷ ರೂ. ಅಷ್ಟೆ.

ಅಡಿಕೆ ಬೆಳೆಗಾರನಿಗೆ ತಿಂಗಳ ಕಂತು ಒಗ್ಗದ ಉಡುಪು. ಅವನ ಆದಾಯ ಬರುವುದು ಕೊಯ್ಲು ಮುಗಿದು ಮಂಡಿಯಲ್ಲಿ ಮಾಲು ಮಾರಾಟವಾದಾಗ. ಮುಂಗಡ ಪಾವತಿಯ ವಿಚಾರದಲ್ಲಿ ಮಾತ್ರ ಈ ವಾರ್ಷಿಕ ಹಣದ ಹರಿವು ಅನುಕೂಲಕರ. ವರ್ಷಕ್ಕೆ ಒಂದೇ ಒಂದು ಕಂತಿನಷ್ಟು, ಅಂದರೆ 21,696 ರೂ. ಹೆಚ್ಚಾಗಿ ಕಟ್ಟುತ್ತ ಹೋದರೆ 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ತೀರುತ್ತದೆ. ಬಡ್ಡಿಯಲ್ಲಿ 5 ಲಕ್ಷ ರೂ. ಉಳಿಕೆ. ಇದಕ್ಕಾಗಿ ಶುಂಠಿಗೆ ಬಂಗಾರದ ಬೆಲೆ ಬರುವವರೆಗೆ ಕಾಯಬೇಕಿಲ್ಲ. ಒಂದು ಎಚ್ಚರಿಕೆ: ಹೆಚ್ಚುವರಿ ಹಣ ಕಟ್ಟುವಾಗ ಕಂತು ಇಳಿಸಬೇಡಿ, ಅವಧಿ ಇಳಿಸಿ ಎಂದು ಲಿಖಿತವಾಗಿ ತಿಳಿಸಬೇಕು. ಕೈಯಲ್ಲಿರುವ ಹಣವನ್ನೆಲ್ಲ ಸುರಿದು ಆಸ್ಪತ್ರೆ ಖರ್ಚಿಗೆ ಮತ್ತೆ ಕೈಸಾಲ ಮಾಡುವುದೂ ಜಾಣತನವಲ್ಲ. ಆರು ತಿಂಗಳ ಕಂತಿನಷ್ಟು ಹಣ ಬೇರೆ ಇರಲಿ.

ಕಾರಣ, ಕಂತು 90 ದಿನ ಮೀರಿ ಬಾಕಿ ಉಳಿದರೆ ಖಾತೆ ವಸೂಲಾಗದ ಸಾಲದ ಪಟ್ಟಿಗೆ ಸೇರುತ್ತದೆ. ಬಳಿಕ 2002ರ ಸರ್ಫೇಸಿ ಕಾಯ್ದೆಯಡಿ 60 ದಿನಗಳ ನೋಟಿಸ್ ಕೊಟ್ಟು ಮನೆಯನ್ನು ವಶಕ್ಕೆ ಪಡೆಯುವ ಅಧಿಕಾರ ಬ್ಯಾಂಕಿಗಿದೆ. ಸಹಕಾರಿ ಬ್ಯಾಂಕುಗಳಿಗೂ ಈ ಅಧಿಕಾರ ಇದೆಯೆಂದು ಸುಪ್ರೀಂ ಕೋರ್ಟ್ 2020ರ ಮೇ ತಿಂಗಳಲ್ಲಿ ತೀರ್ಪು ನೀಡಿದೆ. ಕಂತು ತಪ್ಪುವ ಸೂಚನೆ ಕಂಡಾಗಲೇ ಶಾಖೆಗೆ ಹೋಗಿ ಮಾತನಾಡುವುದು ಒಳಿತು. ನೋಟಿಸ್ ಬಂದ ಮೇಲೆ ಮಾತಿಗೆ ಇರುವ ಅವಕಾಶ ಕಿರಿದಾಗುತ್ತದೆ.

ಕೊನೆಯ ಕಂತು ಕಟ್ಟಿದ ದಿನಕ್ಕೆ ಕೆಲಸ ಮುಗಿಯುವುದಿಲ್ಲ. 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮದಂತೆ, ಸಾಲ ಪೂರ್ತಿ ತೀರಿದ 30 ದಿನಗಳೊಳಗೆ ಮೂಲ ದಾಖಲೆಗಳನ್ನು ಹಿಂದಿರುಗಿಸಬೇಕು. ಸಂಸ್ಥೆಯ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂ.ನಂತೆ ಪರಿಹಾರ ಕೊಡಬೇಕು. ಸಾಲ ತೀರಿದ ಪತ್ರ ಪಡೆದು, ಅಡಮಾನ ನೋಂದಣಿಯಾಗಿದ್ದಲ್ಲಿ ಉಪನೋಂದಣಾಧಿಕಾರಿ ಕಚೇರಿಯಲ್ಲಿ ಅದರ ಬಿಡುಗಡೆ ದಾಖಲಿಸಬೇಕು. ನಂತರ ಹೊಸದಾಗಿ ಋಣಭಾರ ಪತ್ರ ತೆಗೆಸಿ, ಬ್ಯಾಂಕಿನ ಬಾಧ್ಯತೆ ತೀರಿರುವುದು ಅದರಲ್ಲಿ ನಮೂದಾಗಿದೆಯೇ ಎಂದು ನೋಡಿಕೊಳ್ಳಬೇಕು.